ನಾಲ್ಕನೇ ಕ್ಲಾಸು ಓದಿದ ಅಮ್ಮನಿಗೆ ಮಿದುಳಿನ ಪರೀಕ್ಷೆ

ಮೇಡಂ,

ನಮ್ಮದು ಸಾಗರ ತಾಲ್ಲೂಕಿನ ಒಂದು ಹಳ್ಳಿ, ಅಡಿಕೆ ತೋಟದ ಮನೆ. ನಾನು ಮದುವೆಯಾಗಿ ಬೆಂಗಳೂರಿನಲ್ಲಿದ್ದೇನೆ. ಅಮ್ಮ ಅಣ್ಣ–ಅತ್ತಿಗೆಯ ಜೊತೆ ಊರಿನಲ್ಲಿದ್ದಾರೆ. ಅವರಿಗೆ 67 ವರ್ಷ. ಓದಿದ್ದು ನಾಲ್ಕನೇ ಕ್ಲಾಸು. ಆದರೂ ಊರಿನ ಸ್ತ್ರೀಶಕ್ತಿ ಸಂಘದ ಲೆಕ್ಕವನ್ನು ಎಷ್ಟೋ ವರ್ಷ ಅವರೇ ಬರೆದರು. ಈಗ ಒಂದು ವರ್ಷದಿಂದ ಆ ಲೆಕ್ಕ ತಪ್ಪುತ್ತಿದೆ. ಸಾರಿಗೆ ಎರಡು ಸಲ ಉಪ್ಪು ಬೀಳುತ್ತದೆ. ಫೋನಿನಲ್ಲಿ ಒಂದೇ ಮಾತನ್ನು ಮತ್ತೆ ಮತ್ತೆ ಕೇಳುತ್ತಾರೆ. ಅಪ್ಪ ತೀರಿಕೊಂಡು ಎರಡು ವರ್ಷವಾಯಿತು. ಆಗಿನಿಂದ ಅಮ್ಮನಿಗೆ ನಿದ್ದೆ ಸರಿಯಿಲ್ಲ, ಮಾತ್ರೆ ನುಂಗುತ್ತಾರೆ. ಕಿವಿಯೂ ಸ್ವಲ್ಪ ಮಂದ.

ನರರೋಗ ತಜ್ಞರಿಗೆ ತೋರಿಸಿದೆವು. ಎಂ.ಆರ್.ಐ. ನೋಡಿ ‘ವಯಸ್ಸಿಗೆ ತಕ್ಕ ಬದಲಾವಣೆ, ದೊಡ್ಡದೇನೂ ಕಾಣುತ್ತಿಲ್ಲ’ ಎಂದರು. ಆದರೂ ‘ನ್ಯೂರೋಸೈಕಾಲಜಿ ಟೆಸ್ಟ್ ಮಾಡಿಸಿ, ಅರ್ಧ ದಿನ ಹಿಡಿಯುತ್ತದೆ’ ಎಂದು ಬರೆದುಕೊಟ್ಟರು. ಅದು ಗೊತ್ತಾದಾಗಿನಿಂದ ಅಮ್ಮ ‘ನನಗೇನು ಹುಚ್ಚು ಹಿಡಿದಿದೆಯಾ?’ ಎಂದು ಮುನಿಸಿಕೊಂಡಿದ್ದಾರೆ. ಅಣ್ಣನದು ಇನ್ನೊಂದು ಮಾತು: ‘ಅರವತ್ತಕ್ಕೆ ಅರಳುಮರಳು ಸಹಜ. ಮಿದುಳೇ ಕೆಟ್ಟಿದ್ದರೆ ಈಗಲೂ ಅಷ್ಟು ತೆಳ್ಳಗೆ ತೊಡದೇವು ತೊಡೆಯುವುದು ಹೇಗೆ? ನಾಲ್ಕನೇ ಕ್ಲಾಸಿನವಳನ್ನು ಪರೀಕ್ಷೆಗೆ ಕೂರಿಸಿದರೆ ಫೇಲೇ ಆಗುವುದು. ಆಮೇಲೆ ಮರೆವಿನ ಕಾಯಿಲೆ ಅಂತ ಬರೆದುಕೊಟ್ಟರೆ ನಾಳೆ ಹಿಸ್ಸೆ ಪತ್ರಕ್ಕೆ ಅವಳ ಸಹಿಯೂ ನಡೆಯುವುದಿಲ್ಲ.’

ಈ ಪರೀಕ್ಷೆ ನಿಜವಾಗಿ ಬೇಕೇ? ಅದರಲ್ಲಿ ಏನು ಮಾಡುತ್ತಾರೆ? ಮೊದಲೇ ಸ್ವಲ್ಪ ಅಭ್ಯಾಸ ಮಾಡಿಸಿ ಕರೆದೊಯ್ಯಬಹುದೇ?

— ಹೆಸರು ಬೇಡ

ಸಹೋದರಿ,

ಪರೀಕ್ಷೆ ಮಾಡಿಸಿ. ಅಭ್ಯಾಸ ಮಾಡಿಸಬೇಡಿ. ಅಮ್ಮ ಇದರಲ್ಲಿ ಫೇಲಾಗುವ ಮಾತೇ ಇಲ್ಲ, ಇದಕ್ಕೆ ಪಾಸು–ಫೇಲು ಎಂಬುದಿಲ್ಲ. ಅಣ್ಣನಿಗೆ ಓದಿ ಹೇಳುವುದಾದರೆ ಇಷ್ಟು ಸಾಕು. ಆದರೆ ನಿಮ್ಮ ಪತ್ರದಲ್ಲಿ ಇರುವ ವಿವರಗಳು ಎಷ್ಟು ಮುಖ್ಯವೆಂದು ನಿಮಗೇ ಗೊತ್ತಿರಲಾರದು. ಅದಕ್ಕಾಗಿ ಸ್ವಲ್ಪ ಬಿಡಿಸಿ ಬರೆಯುತ್ತೇನೆ.

ಎಂ.ಆರ್.ಐ. ತೋರಿಸುವುದು ಮಿದುಳಿನ ಆಕಾರವನ್ನು. ಗಡ್ಡೆಯಿದೆಯೇ, ರಕ್ತನಾಳ ಕಟ್ಟಿಕೊಂಡ ಗುರುತಿದೆಯೇ, ಯಾವುದಾದರೂ ಭಾಗ ಕುಗ್ಗಿದೆಯೇ ಎಂಬುದು ಅದರಲ್ಲಿ ಕಾಣುತ್ತದೆ. ಆ ಮಿದುಳು ದಿನನಿತ್ಯ ಹೇಗೆ ಕೆಲಸ ಮಾಡುತ್ತಿದೆ ಎಂಬುದು ಅದರಲ್ಲಿ ಕಾಣುವುದಿಲ್ಲ. ತೋಟದ ಮರಗಳೆಲ್ಲ ನೆಟ್ಟಗೆ ನಿಂತಿರುವ ಫೋಟೊ ನೋಡಿ ಈ ವರ್ಷದ ಫಸಲು ಎಷ್ಟು ಕ್ವಿಂಟಲ್ ಎಂದು ಹೇಳಲು ನಿಮ್ಮ ಅಣ್ಣನಿಗೂ ಆಗದು. ಸ್ಕ್ಯಾನಿನಲ್ಲಿ ಸಾಕಷ್ಟು ಕುಗ್ಗಿದಂತೆ ಕಂಡ ಮಿದುಳಿನವರು ಮನೆ, ವ್ಯವಹಾರ ಎಲ್ಲವನ್ನೂ ಸರಿಯಾಗಿ ನಡೆಸಿಕೊಂಡು ಹೋಗುವುದುಂಟು. ಸ್ಕ್ಯಾನ್ ಸ್ವಚ್ಛವಾಗಿದ್ದೂ ದಿನದ ಕೆಲಸದಲ್ಲಿ ಎಡವುವವರೂ ಇದ್ದಾರೆ. ನಿಮ್ಮ ವೈದ್ಯರು ಎಂ.ಆರ್.ಐ. ನೋಡಿ ಅಷ್ಟಕ್ಕೇ ಬಿಡದೆ ಮುಂದಿನ ಪರೀಕ್ಷೆ ಬರೆದದ್ದು ಸರಿಯಾದ ವೈದ್ಯಕೀಯ. ಅವರ ಮೇಲೆ ವಿಶ್ವಾಸವಿಡಿ.

ಇನ್ನು ತೊಡದೇವಿನ ಮಾತು. ಅಣ್ಣ ಗಮನಿಸಿದ್ದು ನಿಜ, ಅದರಿಂದ ತೆಗೆದ ತೀರ್ಮಾನ ಮಾತ್ರ ತಪ್ಪು. ನಾವು ‘ನೆನಪು’ ಎಂದು ಒಂದೇ ಮಾತಿನಲ್ಲಿ ಕರೆಯುವುದು ಮಿದುಳಿನಲ್ಲಿ ಒಂದೇ ಕಡೆ ಇರುವುದಲ್ಲ. ಇದು ಜಗತ್ತಿಗೆ ಸ್ಪಷ್ಟವಾಗಿ ತಿಳಿದದ್ದು ಅಮೆರಿಕದ ಹೆನ್ರಿ ಮೊಲೈಸನ್ ಎಂಬುವರಿಂದ. ತೀವ್ರ ಮೂರ್ಛೆರೋಗಕ್ಕೆಂದು 1953ರಲ್ಲಿ ಅವರ ಮಿದುಳಿನ ಎರಡೂ ಪಕ್ಕದ ಒಳಭಾಗವನ್ನು ತೆಗೆದುಹಾಕಿದರು. ಆಮೇಲೆ ಅವರಿಗೆ ಹೊಸದಾಗಿ ಯಾವ ಸಂಗತಿಯೂ ನೆನಪಿನಲ್ಲಿ ನಿಲ್ಲದಾಯಿತು. ಸ್ವಲ್ಪ ಹೊತ್ತಿನ ಹಿಂದೆ ಮಾತಾಡಿಸಿದವರನ್ನೂ ಮರೆಯುತ್ತಿದ್ದರು. ಬ್ರೆಂಡಾ ಮಿಲ್ನರ್ ಎಂಬ ಮನಶ್ಶಾಸ್ತ್ರಜ್ಞೆ ಅವರಿಗೆ ಕನ್ನಡಿಯಲ್ಲಿ ನೋಡಿಕೊಂಡು ನಕ್ಷತ್ರದ ಗೆರೆಯ ಮೇಲೆ ಪೆನ್ಸಿಲ್ ಎಳೆಯುವ ಕೆಲಸ ಕೊಟ್ಟರು. ದಿನದಿಂದ ದಿನಕ್ಕೆ ಅವರ ಕೈ ಪಳಗುತ್ತಾ ಹೋಯಿತು. ಆದರೆ ಹಿಂದಿನ ದಿನ ಆ ಕೆಲಸ ಮಾಡಿದ್ದೇ ಅವರಿಗೆ ನೆನಪಿರಲಿಲ್ಲ. ಕೈ ಕಲಿತದ್ದು ಬೇರೆ ಕಡೆ ಉಳಿಯುತ್ತದೆ, ನಿನ್ನೆ ಯಾರು ಬಂದಿದ್ದರು ಎಂಬುದು ಬೇರೆ ಕಡೆ. ಮಗುಚಿಟ್ಟ ಗಡಿಗೆಯ ಮೇಲೆ ಹಿಟ್ಟು ತೊಡೆಯುವ ಅಮ್ಮನ ಕೈ ಚೆನ್ನಾಗಿರುವುದು ಸಂತೋಷದ ವಿಷಯವೇ. ಸಂಘದ ಲೆಕ್ಕ ಏಕೆ ತಪ್ಪುತ್ತಿದೆ ಎಂಬ ಪ್ರಶ್ನೆಗೆ ಅದು ಉತ್ತರವಲ್ಲ.

ಆ ಉತ್ತರ ಹುಡುಕುವುದೇ ನ್ಯೂರೋಸೈಕಾಲಜಿ ಪರೀಕ್ಷೆಯ ಕೆಲಸ. ಗಮನ, ಕಲಿಕೆ, ನೆನಪು, ಭಾಷೆ, ಕಣ್ಣಿನಿಂದ ಜಾಗ–ದಿಕ್ಕು ಅಳೆಯುವ ಶಕ್ತಿ, ಯೋಜಿಸಿ ಕೆಲಸ ಮಾಡುವ ಶಕ್ತಿ, ಕೆಲಸದ ವೇಗ, ಇವನ್ನೆಲ್ಲ ಬಿಡಿಬಿಡಿಯಾಗಿ ನೋಡಿ ಯಾವುದು ಗಟ್ಟಿ, ಯಾವುದು ಸಡಿಲ ಎಂದು ಗುರುತಿಸುತ್ತಾರೆ. ಅಪಘಾತದಲ್ಲಿ ತಲೆಗೆ ಪೆಟ್ಟಾದವರಿಗೆ, ಪಾರ್ಶ್ವವಾಯು ಆದವರಿಗೆ, ಮೂರ್ಛೆರೋಗದ ಶಸ್ತ್ರಚಿಕಿತ್ಸೆಗೆ ಮುಂಚೆ, ಹೀಗೆ ಬೇರೆ ಬೇರೆ ಸಂದರ್ಭಗಳಲ್ಲೂ ಇದೇ ಪರೀಕ್ಷೆ ನಡೆಯುತ್ತದೆ. ಹುಚ್ಚಿಗೂ ಇದಕ್ಕೂ ಸಂಬಂಧ ಕಲ್ಪಿಸಬೇಕಾಗಿಲ್ಲ.

ಆ ದಿನ ಏನಾಗುತ್ತದೆ ಎಂದು ಕೇಳಿದ್ದೀರಿ. ಸೂಜಿಯಿಲ್ಲ, ವೈರಿಲ್ಲ, ಕರೆಂಟಿಲ್ಲ. ಒಂದು ಮೇಜು, ಎದುರಿಗೆ ಒಬ್ಬ ಸೈಕಾಲಜಿಸ್ಟ್, ಕಾಗದ, ಪೆನ್ಸಿಲ್, ಕೆಲವು ಚಿತ್ರಗಳು, ಬಣ್ಣದ ತುಂಡುಗಳು, ಒಂದು ಸ್ಟಾಪ್‌ವಾಚ್. ಮೊದಲು ಸಾಕಷ್ಟು ಹೊತ್ತು ಮಾತು. ಆಮೇಲೆ ಚಿಕ್ಕಚಿಕ್ಕ ಕೆಲಸಗಳು, ಮಧ್ಯೆ ಕಾಫಿ ಕುಡಿಯಲು ಬಿಡುವು. ಎಲ್ಲ ಸೇರಿ ಎರಡು–ಮೂರು ಗಂಟೆ, ಕೆಲವೊಮ್ಮೆ ಇನ್ನೂ ಸ್ವಲ್ಪ ಹೆಚ್ಚು. ಅಮ್ಮನಿಗೆ ಆಯಾಸವಾದರೆ ಉಳಿದದ್ದನ್ನು ಇನ್ನೊಂದು ದಿನಕ್ಕೆ ಇಟ್ಟುಕೊಳ್ಳಬಹುದು. ಹಾಗೆ ಕೇಳಲು ಸಂಕೋಚ ಬೇಡ.

ಆ ಕೆಲಸಗಳಲ್ಲಿ ಒಂದನ್ನು ಮಾತ್ರ ಪೂರ್ತಿ ವಿವರಿಸುತ್ತೇನೆ. ಹೊರಗಿನಿಂದ ನೋಡಿದವರಿಗೆ ಮಕ್ಕಳಾಟದಂತೆ ಕಾಣುವ ಕೆಲಸದಿಂದ ಎಷ್ಟು ತಿಳಿಯುತ್ತದೆ ಎಂಬುದು ಅದರಿಂದ ಗೊತ್ತಾಗುತ್ತದೆ. ಎಲ್ಲರಿಗೂ ಗೊತ್ತಿರುವ 15 ಸಾಮಾನ್ಯ ಪದಗಳನ್ನು ಸೈಕಾಲಜಿಸ್ಟ್ ನಿಧಾನವಾಗಿ ಓದಿ ಹೇಳುತ್ತಾರೆ. ನೆನಪಿದ್ದಷ್ಟನ್ನು ಅಮ್ಮ ತಿರುಗಿ ಹೇಳಬೇಕು, ಯಾವ ಕ್ರಮದಲ್ಲಾದರೂ ಸರಿ. ಹೀಗೆ ಅದೇ ಪಟ್ಟಿಯನ್ನು ಐದು ಸಲ. ಮೊದಲ ಸಲ ಯಾರಿಗೂ 15 ಬರುವುದಿಲ್ಲ. ನಾಲ್ಕೈದು ಬಂದರೂ ಚಿಂತೆಯಿಲ್ಲ. ನೋಡುವುದು ಎರಡನೇ, ಮೂರನೇ ಸಲಕ್ಕೆ ಏರುತ್ತಿದೆಯೇ ಎಂದು. ನಂತರ ಬೇರೊಂದು ಪಟ್ಟಿ ಓದಿ ಗಮನವನ್ನು ಅತ್ತ ಸೆಳೆದು, ಮೊದಲನೆಯದನ್ನು ಮತ್ತೆ ಕೇಳುತ್ತಾರೆ. ಸುಮಾರು ಅರ್ಧ ಗಂಟೆ ಬೇರೆ ಕೆಲಸ ಮಾಡಿಸಿ ಇನ್ನೊಮ್ಮೆ ಕೇಳುತ್ತಾರೆ. ಕೊನೆಗೆ ಹೇಳಿದ ಪದ, ಹೇಳದ ಪದ ಎರಡನ್ನೂ ಬೆರೆಸಿ ಓದಿ ‘ಇದು ಆಗ ಇತ್ತೇ?’ ಎಂದು ಕೇಳುತ್ತಾರೆ.

ಇದರಲ್ಲಿ ಮೂರು ಬೇರೆ ಬೇರೆ ತೊಂದರೆಗಳು ಬೇರೆ ಬೇರೆಯಾಗಿಯೇ ಕಾಣುತ್ತವೆ. ಒಬ್ಬರಿಗೆ ಐದು ಸಲ ಹೇಳಿದರೂ ಪದಗಳು ಏರುವುದೇ ಇಲ್ಲ, ಮಾತು ಒಳಗೆ ಹೋಗುತ್ತಲೇ ಇಲ್ಲ. ಅದು ಗಮನದ ತೊಂದರೆ ಇರಬಹುದು, ಕಿವಿಯ ತೊಂದರೆಯೂ ಇರಬಹುದು. ಇನ್ನೊಬ್ಬರಿಗೆ ಐದನೇ ಸಲಕ್ಕೆ ಹತ್ತು ಬರುತ್ತವೆ. ಅರ್ಧ ಗಂಟೆ ಬಿಟ್ಟು ಕೇಳಿದರೆ ಒಂದೋ ಎರಡೋ, ನೆನಪಿಸಿದರೂ ‘ಇಲ್ಲ, ಅದು ಇರಲಿಲ್ಲ’ ಎನ್ನುತ್ತಾರೆ. ಕಲಿತದ್ದು ಉಳಿಯುತ್ತಿಲ್ಲ ಎಂದರ್ಥ. ಆಲ್ಜೈಮರ್ ಕಾಯಿಲೆಯಲ್ಲಿ ಸಾಮಾನ್ಯವಾಗಿ ಕಾಣುವ ರೀತಿ ಇದು. ಮೂರನೆಯವರಿಗೆ ತಾವಾಗಿ ಹೇಳಲು ಬಾರದು, ಆದರೆ ಪದ ಓದಿದ ಕೂಡಲೇ ‘ಹೌದು, ಇದಿತ್ತು’ ಎಂದು ಗುರುತಿಸುತ್ತಾರೆ. ಒಳಗೆ ಇದೆ, ಹೊರಗೆ ತೆಗೆಯುವುದು ಕಷ್ಟವಾಗಿದೆ. ಖಿನ್ನತೆಯಲ್ಲಿ, ಮಿದುಳಿನ ಸಣ್ಣ ರಕ್ತನಾಳಗಳ ತೊಂದರೆಯಲ್ಲಿ ಹೀಗಾಗುವುದುಂಟು. ಮನೆಯವರಿಗೆ ಮೂವರೂ ‘ಮರೆಯುವವರು’ ಅಷ್ಟೇ. ಚಿಕಿತ್ಸೆ ಮಾಡುವವರಿಗೆ ಇವು ಮೂರು ಬೇರೆ ದಾರಿಗಳು. ಆದರೂ ಒಂದೇ ಕೆಲಸದ ಅಂಕದಿಂದ ಯಾರೂ ಕಾಯಿಲೆಯ ಹೆಸರು ಹೇಳುವುದಿಲ್ಲ, ಹೇಳಲೂಬಾರದು. ಎಲ್ಲ ಕೆಲಸಗಳ ಒಟ್ಟು ಚಿತ್ರ, ರಕ್ತಪರೀಕ್ಷೆ, ಸ್ಕ್ಯಾನು, ಮನೆಯವರ ಮಾತು ಎಲ್ಲವನ್ನೂ ಸೇರಿಸಿ ನಿರ್ಣಯಿಸುವವರು ನಿಮ್ಮ ನರರೋಗ ತಜ್ಞರು.

ಉಳಿದ ಕೆಲಸಗಳೂ ಹೀಗೆಯೇ. ಒಂದು ನಿಮಿಷದಲ್ಲಿ ಎಷ್ಟು ಪ್ರಾಣಿಗಳ ಹೆಸರು ಹೇಳಬಲ್ಲಿರಿ ಎಂದು ಕೇಳುತ್ತಾರೆ. ಕಾಡಂಚಿನಲ್ಲಿ ಬದುಕಿದ ಅಮ್ಮ ಇದರಲ್ಲಿ ನನ್ನನ್ನೂ ನಿಮ್ಮನ್ನೂ ಹಿಂದೆ ಹಾಕಬಹುದು. ಅಂಕಿಗಳನ್ನು ಹೇಳಿ ಹಿಂದುಮುಂದಾಗಿ ಹೇಳಿಸುತ್ತಾರೆ. ಗೆರೆಗಳ ಒಂದು ಚಿತ್ರವನ್ನು ನೋಡಿ ಬರೆಸುತ್ತಾರೆ. ಮೂರು ಬಣ್ಣದ ಮಣಿಗಳನ್ನು ಕಡಿಮೆ ಚಲನೆಯಲ್ಲಿ ಒಂದು ಕ್ರಮಕ್ಕೆ ತರಲು ಹೇಳುತ್ತಾರೆ. ಮಾಡುವ ಮುಂಚೆ ಯೋಚಿಸುತ್ತಾರೋ, ಕೈಹಾಕಿ ಆಮೇಲೆ ಯೋಚಿಸುತ್ತಾರೋ ಎಂಬುದು ಅಲ್ಲಿ ಕಾಣುತ್ತದೆ. ಸಂಘದ ಲೆಕ್ಕ ತಪ್ಪಲು ನೆನಪೇ ಕಾರಣವಾಗಬೇಕಿಲ್ಲ. ಗಮನ ಚದುರಿದರೂ, ಯೋಜನೆಯ ಹಿಡಿತ ತಪ್ಪಿದರೂ ಲೆಕ್ಕ ತಪ್ಪುತ್ತದೆ.

ಈಗ ನಾಲ್ಕನೇ ಕ್ಲಾಸಿನ ವಿಷಯ. ಅಣ್ಣನ ಈ ಆತಂಕವನ್ನು ನಾನು ಗೌರವಿಸುತ್ತೇನೆ. ಅದರಲ್ಲಿ ಹುರುಳಿದೆ. ಜಗತ್ತಿನಲ್ಲಿ ಹೆಚ್ಚು ಬಳಕೆಯಲ್ಲಿರುವ 30 ಅಂಕದ ಕಿರು ಪರೀಕ್ಷೆ 1975ರಲ್ಲಿ ಅಮೆರಿಕದಲ್ಲಿ ಸಿದ್ಧವಾದದ್ದು. ಅದರಲ್ಲಿ ಇವತ್ತಿನ ತಾರೀಖು ಹೇಳಬೇಕು, ನೂರರಿಂದ ಏಳೇಳು ಕಳೆಯುತ್ತಾ ಹೋಗಬೇಕು, ಒಂದು ವಾಕ್ಯ ಬರೆಯಬೇಕು. ತಾರೀಖು ನೋಡದೆ ಹಬ್ಬ, ತಿಥಿ, ಮಳೆ ನಕ್ಷತ್ರದ ಲೆಕ್ಕದಲ್ಲಿ ಬದುಕಿದ ಹೆಣ್ಣುಮಗಳಿಗೆ ಇದು ನ್ಯಾಯವಲ್ಲ. 2005ರಲ್ಲಿ ಕೆನಡಾದಲ್ಲಿ ಬಂದ ಇನ್ನೊಂದು ಪ್ರಸಿದ್ಧ ಪರೀಕ್ಷೆ 12 ವರ್ಷಕ್ಕಿಂತ ಹೆಚ್ಚು ಓದದವರಿಗೆ ಒಂದು ಅಂಕ ಸೇರಿಸುತ್ತದೆ. ಪಿಯುಸಿ ಮುಗಿಸಿದವರಿಗೂ ನಾಲ್ಕನೇ ಕ್ಲಾಸಿಗೆ ಬಿಟ್ಟವರಿಗೂ ಅದೇ ಒಂದು ಅಂಕ! ಆದ್ದರಿಂದ ಹತ್ತು ನಿಮಿಷದ ಕಿರು ಪರೀಕ್ಷೆ ಮಾಡಿ, ಒಂದು ಸಂಖ್ಯೆ ಬರೆದು, ‘ಡಿಮೆನ್ಷಿಯಾ’ ಎಂದು ಯಾರಾದರೂ ಚೀಟಿ ಕೊಟ್ಟರೆ ಅಲ್ಲಿಗೆ ನಿಲ್ಲಬೇಡಿ. ವಿವರವಾದ ಪರೀಕ್ಷೆ ಬೇಕು ಎಂದು ಸೂಚಿಸುವುದಷ್ಟೇ ಆ ಸಂಖ್ಯೆಯ ಕೆಲಸ.

ನಮ್ಮ ದೇಶದ ತಜ್ಞರು ಈ ಅನ್ಯಾಯವನ್ನು ಕಂಡು ಸುಮ್ಮನೆ ಕೂತವರಲ್ಲ. ಹರಿಯಾಣದ ಬಲ್ಲಬಗಢದ ಹಳ್ಳಿಗಳಲ್ಲಿ, ಓದುಬರಹ ಬಾರದ ಹಿರಿಯರಿಗೆ ಹೊಂದುವ ಹಾಗೆ ಆ ಅಮೆರಿಕದ ಪರೀಕ್ಷೆಯನ್ನು 1990ರ ದಶಕದಲ್ಲೇ ಹಿಂದಿಯಲ್ಲಿ ಹೊಸದಾಗಿ ಕಟ್ಟಿದರು. ವಾಕ್ಯ ಬರೆಯಿರಿ ಎನ್ನುವ ಬದಲು ‘ನಿಮ್ಮ ಮನೆಯ ಬಗ್ಗೆ ಒಂದು ಮಾತು ಹೇಳಿ’ ಎಂದರು. ನಮ್ಮ ನಿಮ್ಹಾನ್ಸ್ ಸಂಸ್ಥೆಯಲ್ಲಿ ಶೋಭಿನಿ ರಾವ್ ಮತ್ತು ಸಹೋದ್ಯೋಗಿಗಳು 2004ರಲ್ಲಿ ಭಾರತೀಯರಿಗೆಂದೇ ಪರೀಕ್ಷೆಗಳ ಒಂದು ಪೂರ್ಣ ಗುಚ್ಛವನ್ನು ಪ್ರಕಟಿಸಿದರು. ವಯಸ್ಸು, ಹೆಣ್ಣು–ಗಂಡು, ಓದು ಇವುಗಳಿಗೆ ತಕ್ಕಂತೆ ಎಷ್ಟು ಬಂದರೆ ಸಹಜ ಎಂಬ ಕೋಷ್ಟಕ ಅದರಲ್ಲಿದೆ. ಮುಂದೆ ಹಿರಿಯರಿಗೆಂದು ಬೇರೆಯೇ ಗುಚ್ಛವೂ ಅಲ್ಲಿಂದಲೇ ಬಂತು. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ಹಿಂದಿ, ಬಂಗಾಳಿ, ತೆಲುಗು, ಮಲಯಾಳಂ ಜೊತೆಗೆ ಕನ್ನಡದಲ್ಲೂ ಒಂದು ಪರೀಕ್ಷಾ ಪೆಟ್ಟಿಗೆ ಸಿದ್ಧಪಡಿಸಿದೆ. ಕೋಲಾರ ಜಿಲ್ಲೆಯ ಶ್ರೀನಿವಾಸಪುರ ತಾಲ್ಲೂಕಿನ ಹಳ್ಳಿಗಳಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯ ಮಿದುಳು ಸಂಶೋಧನಾ ಕೇಂದ್ರ ಸಾವಿರಾರು ಗ್ರಾಮಸ್ಥರ ನೆನಪು, ಗಮನಗಳನ್ನು ವರ್ಷಗಟ್ಟಲೆ ಅಳೆಯುತ್ತಾ ಬಂದಿದೆ. ರೈತಾಪಿ ಜನರ ಮಿದುಳಿಗೆ ವಯಸ್ಸಾಗುವುದು ಹೇಗೆ ಎಂದು ತಿಳಿಯಲು ಅಂಥ ಕೆಲಸವೇ ಬೇಕು. ಕನ್ನಡಕ್ಕೆ ಈ ಬಗೆಯ ಕೆಲಸ ಹೊಸತೂ ಅಲ್ಲ. ಫ್ರಾನ್ಸಿನ ಬಿನೆ 1905ರಲ್ಲಿ ರೂಪಿಸಿದ ಬುದ್ಧಿಪರೀಕ್ಷೆಯನ್ನು ಕಾಮತ್ ಎಂಬ ವಿದ್ವಾಂಸರು 1930ರ ದಶಕದಲ್ಲೇ ಕನ್ನಡ, ಮರಾಠಿ ಮಕ್ಕಳಿಗೆ ಒಗ್ಗಿಸಿದ್ದರು. ಬಿನೆ–ಕಾಮತ್ ಪರೀಕ್ಷೆ ಎಂಬ ಹೆಸರಿನಲ್ಲಿ ಅದು ಇಂದೂ ಬಳಕೆಯಲ್ಲಿದೆ.

ಹೀಗಾಗಿ ಅಮ್ಮನನ್ನು ಕಾಲೇಜು ಮೇಷ್ಟರ ಜೊತೆ ಹೋಲಿಸುವುದಿಲ್ಲ. ಅವರದೇ ವಯಸ್ಸಿನ, ಅವರಷ್ಟೇ ಓದಿದ ಹೆಂಗಸರ ಜೊತೆ ಹೋಲಿಸುತ್ತಾರೆ. ಅದಕ್ಕಿಂತ ಮುಖ್ಯವಾದ ಹೋಲಿಕೆ ಇನ್ನೊಂದಿದೆ: ಐದು ವರ್ಷದ ಹಿಂದಿನ ಅಮ್ಮನ ಜೊತೆ ಇವತ್ತಿನ ಅಮ್ಮ. ನನ್ನ ಪ್ರಕಾರ ಇಡೀ ಪರೀಕ್ಷೆಯ ಪ್ರಾಣ ಇರುವುದು ಇಲ್ಲಿ. ನಾಲ್ಕನೇ ಕ್ಲಾಸು ಎಂದು ಮಾತ್ರ ಬರೆಸಿದರೆ ಸೈಕಾಲಜಿಸ್ಟ್ ನಿರೀಕ್ಷೆ ತೀರಾ ಕೆಳಗಿರುತ್ತದೆ, ಅಮ್ಮನ ಇಳಿಕೆ ಅವರಿಗೆ ಕಾಣದೇ ಹೋಗಬಹುದು. ವರ್ಷಗಟ್ಟಲೆ ಹತ್ತಾರು ಹೆಂಗಸರ ಉಳಿತಾಯ, ಸಾಲ, ಬಡ್ಡಿಯನ್ನು ತಪ್ಪಿಲ್ಲದೆ ಬರೆದವರು ಎಂದು ಹೇಳಿದರೆ ಅಳತೆಯೇ ಬದಲಾಗುತ್ತದೆ. ಸಂಘದ ಹಳೆಯ ಲೆಕ್ಕದ ಪುಸ್ತಕ, ಈ ವರ್ಷದ ಪುಸ್ತಕ ಎರಡನ್ನೂ ಕೇಳಿ ತೆಗೆದುಕೊಂಡು ಹೋಗಿ. ತಪ್ಪು ಯಾವಾಗ ಶುರುವಾಯಿತು, ಎಂಥ ತಪ್ಪು, ಅಕ್ಷರ ಬದಲಾಗಿದೆಯೇ, ಸಾಲು ಜಾರಿದೆಯೇ ಎಂಬುದೆಲ್ಲ ಆ ಪುಟಗಳಲ್ಲಿದೆ. ಯಾವ ಆಸ್ಪತ್ರೆಯ ಕಡತದಲ್ಲೂ ಇಂಥ ದಾಖಲೆ ಸಿಗುವುದಿಲ್ಲ.

ಜೊತೆಗೆ ಅತ್ತಿಗೆಯನ್ನು ಕರೆತನ್ನಿ. ಇದನ್ನು ಒತ್ತಿ ಹೇಳುತ್ತಿದ್ದೇನೆ. ನೀವು ಮಗಳು, ನಿಮ್ಮ ಕಾಳಜಿ ದೊಡ್ಡದು. ಆದರೆ ನೀವು ಅಮ್ಮನನ್ನು ನೋಡುವುದು ಹಬ್ಬಕ್ಕೆ, ಕೇಳುವುದು ಫೋನಿನಲ್ಲಿ. ಬೆಳಗಿನಿಂದ ರಾತ್ರಿಯವರೆಗೆ ಅವರೊಡನೆ ಅಡುಗೆಮನೆಯಲ್ಲಿರುವವರು ಅತ್ತಿಗೆ. ಉಪ್ಪು ಎರಡು ಸಲ ಬಿದ್ದದ್ದು ಯಾವ ಹೊತ್ತಿನಲ್ಲಿ, ಗ್ಯಾಸ್ ಆರಿಸಲು ಮರೆತದ್ದುಂಟೇ, ಸಂಜೆಯಾದರೆ ಗೊಂದಲ ಹೆಚ್ಚುತ್ತದೆಯೇ, ಸಿಟ್ಟು ಬರುವುದು ಹೆಚ್ಚಾಗಿದೆಯೇ, ತೋಟದ ದಾರಿಯಲ್ಲಿ ಎಂದಾದರೂ ತಬ್ಬಿಬ್ಬಾಗಿ ನಿಂತದ್ದುಂಟೇ ಎಂಬುದು ಅವರಿಗೆ ಗೊತ್ತಿರುತ್ತದೆ. ಸೊಸೆ ಹೇಳಿದರೆ ದೂರು ಹೇಳಿದಂತಾದೀತು ಎಂದು ಎಷ್ಟೋ ಮನೆಗಳಲ್ಲಿ ಬಾಯಿ ಮುಚ್ಚಿಕೊಂಡಿರುತ್ತಾರೆ. ಅವರ ಮಾತನ್ನು ಸೈಕಾಲಜಿಸ್ಟ್ ಪ್ರತ್ಯೇಕವಾಗಿ ಕೇಳಲಿ ಎಂದು ನೀವೇ ಹೇಳಿ. ಅಮ್ಮನ ಎದುರಿಗೆ ಅವರ ತಪ್ಪುಗಳ ಪಟ್ಟಿ ಓದುವುದು ಬೇಡ.

ನಿಮ್ಮ ಪತ್ರದಲ್ಲಿ ನನಗೆ ಭರವಸೆ ಕಾಣಿಸಿದ್ದು ನೀವು ಸಹಜವಾಗಿ ಬರೆದುಬಿಟ್ಟ ಕೆಲವು ಸಾಲುಗಳಲ್ಲಿ. ಪತಿಯನ್ನು ಕಳೆದುಕೊಂಡಿದ್ದಾರೆ, ನಿದ್ದೆಯಿಲ್ಲ, ನಿದ್ದೆಯ ಮಾತ್ರೆ ಇದೆ, ಕಿವಿ ಮಂದ. ಈ ನಾಲ್ಕರಲ್ಲಿ ಪ್ರತಿಯೊಂದೂ ಮರೆವನ್ನು ಹುಟ್ಟಿಸಬಲ್ಲದು, ಇರುವ ಮರೆವನ್ನು ಹೆಚ್ಚಿಸಬಲ್ಲದು. ಪ್ರತಿಯೊಂದಕ್ಕೂ ಏನಾದರೂ ಮಾಡಲು ಸಾಧ್ಯವಿದೆ. ವಯಸ್ಸಾದವರ ಖಿನ್ನತೆ ಅಳುವಿನ ರೂಪದಲ್ಲೇ ಬರಬೇಕಿಲ್ಲ. ಉತ್ಸಾಹ ಕುಗ್ಗಿ, ಮಾತು ನಿಧಾನವಾಗಿ, ಯಾವುದರ ಮೇಲೂ ಮನಸ್ಸು ನಿಲ್ಲದೆ ನೋಡುವವರಿಗೆ ಮರೆಗುಳಿತನದಂತೆಯೇ ಕಾಣುತ್ತದೆ. ಕೆಲವು ನಿದ್ದೆಮಾತ್ರೆಗಳು ಹಿರಿಯರಲ್ಲಿ ಮರುದಿನವೂ ಮಂಪರು, ಮರೆವು ತರುತ್ತವೆ. ಹಾಗೆಂದು ಮಾತ್ರೆಯನ್ನು ನೀವೇ ಹಠಾತ್ತಾಗಿ ನಿಲ್ಲಿಸಬೇಡಿ; ಬಹುದಿನ ತೆಗೆದುಕೊಂಡದ್ದನ್ನು ಒಮ್ಮೆಗೇ ಬಿಟ್ಟರೆ ಅಪಾಯ. ಮಾತ್ರೆಯ ಪಟ್ಟಿಯನ್ನೇ ತೆಗೆದುಕೊಂಡು ಹೋಗಿ ವೈದ್ಯರಿಗೆ ತೋರಿಸಿ. ಸಸ್ಯಾಹಾರದ ಮನೆಯಾಗಿದ್ದರೆ ವಿಟಮಿನ್ ಬಿ12 ಕೊರತೆ ಇರುವ ಸಾಧ್ಯತೆ ಹೆಚ್ಚು. ಬಿ12, ಥೈರಾಯ್ಡ್ ಎರಡೂ ರಕ್ತಪರೀಕ್ಷೆ ಆಗಿದೆಯೇ ಎಂದು ಕೇಳಿ. ಆಗಿಲ್ಲದಿದ್ದರೆ ಮೊದಲು ಅದಾಗಲಿ.

ಕಿವಿಯ ತಪಾಸಣೆಯನ್ನಂತೂ ಈ ಪರೀಕ್ಷೆಗೆ ಮುಂಚೆಯೇ ಮಾಡಿಸಿ. 15 ಪದಗಳಲ್ಲಿ ಐದು ಸರಿಯಾಗಿ ಕೇಳಿಸದಿದ್ದರೆ ನೆನಪಿನ ಅಂಕ ಸುಳ್ಳು ಹೇಳುತ್ತದೆ. ಕನ್ನಡಕವಿದ್ದರೆ ಮರೆಯದೆ ಒಯ್ಯಿರಿ. ಹಿಂದಿನ ರಾತ್ರಿ ಬಸ್ಸಿನಲ್ಲಿ ಕುಲುಕಿಸಿಕೊಂಡು ಬಂದು, ಮುಖ ತೊಳೆದು, ನೇರ ಪರೀಕ್ಷೆಗೆ ಕೂರಿಸಬೇಡಿ. ಒಂದು ದಿನ ಮೊದಲೇ ಬಂದು ನಿಮ್ಮ ಮನೆಯಲ್ಲಿ ನಿದ್ದೆ ಮಾಡಲಿ, ಬೆಳಿಗ್ಗೆ ತಿಂಡಿ ತಿಂದು, ಎಂದಿನ ಔಷಧಿ ತೆಗೆದುಕೊಂಡು ಬರಲಿ. ಮನೆಯಲ್ಲಿ ಹವ್ಯಕ ಕನ್ನಡ ಆಡುವವರಾದರೆ ಅದನ್ನೂ ಹೇಳಿ. ಸೂಚನೆ ಅವರಿಗೆ ತಿಳಿಯುವ ಮಾತಿನಲ್ಲೇ ಇರಬೇಕು, ಬೆಂಗಳೂರಿನ ಇಂಗ್ಲಿಷ್ ಬೆರೆತ ಕನ್ನಡದಲ್ಲಿ ಅಲ್ಲ. ಪರೀಕ್ಷೆ ಮಾಡುವವರು ಭಾರತೀಯ ಪುನರ್ವಸತಿ ಪರಿಷತ್ತಿನಲ್ಲಿ ನೋಂದಾಯಿತ ಕ್ಲಿನಿಕಲ್ ಸೈಕಾಲಜಿಸ್ಟ್ ಆಗಿರಬೇಕು. ಕೇಳಿ ತಿಳಿದುಕೊಳ್ಳುವುದು ನಿಮ್ಮ ಹಕ್ಕು.

ಅಭ್ಯಾಸ ಏಕೆ ಬೇಡ ಎಂದರೆ, ಮೊಬೈಲಿನಲ್ಲಿ ಸಿಗುವ ಪ್ರಶ್ನೆಗಳನ್ನು ಹಿಡಿದು ಅಮ್ಮನಿಗೆ ಗಡಿಯಾರದ ಚಿತ್ರ, ಪದಗಳ ಪಟ್ಟಿ ಉರುಹೊಡೆಸಿದರೆ ಅಂಕ ಕೃತಕವಾಗಿ ಏರುತ್ತದೆ, ನಿಜವಾದ ತೊಂದರೆ ಅಡಗಿಬಿಡುತ್ತದೆ. ಚಿಕಿತ್ಸೆ ಆರಂಭಿಸಬೇಕಾದ ಸಮಯ ಕೈತಪ್ಪುತ್ತದೆ. ಅದಕ್ಕೇ ಮರುಪರೀಕ್ಷೆಯನ್ನೂ ತಜ್ಞರು ಕೂಡಲೇ ಮಾಡುವುದಿಲ್ಲ. ಆರು ತಿಂಗಳೋ ವರ್ಷವೋ ಬಿಟ್ಟು, ಸಾಧ್ಯವಿದ್ದರೆ ಬೇರೆ ಪದಗಳ ಪಟ್ಟಿಯಲ್ಲಿ ಮಾಡುತ್ತಾರೆ. ಪರೀಕ್ಷೆ ನಡೆಯುವಾಗ ಪಕ್ಕದಲ್ಲಿ ಕೂತು ಸುಳಿವು ಕೊಡುವುದೂ ಬೇಡ. ಪ್ರೀತಿಯಿಂದ ಮಾಡಿದರೂ ಅದು ಅಮ್ಮನಿಗೆ ಅನ್ಯಾಯವೇ.

ಹಿಸ್ಸೆ ಪತ್ರದ ಮಾತಿಗೆ ಬರುತ್ತೇನೆ. ಪರೀಕ್ಷೆಯ ವರದಿಯೊಂದರಿಂದಲೇ ಯಾರ ಸಹಿಯ ಹಕ್ಕೂ ಹೋಗುವುದಿಲ್ಲ. ನಮ್ಮ ಕರಾರು ಕಾಯ್ದೆಯ 12ನೇ ಕಲಮು ಕೇಳುವುದು ಇಷ್ಟನ್ನೇ: ಒಪ್ಪಂದ ಮಾಡಿಕೊಳ್ಳುವ ಆ ಸಮಯದಲ್ಲಿ ಆ ವ್ಯಕ್ತಿಗೆ ಅದು ಅರ್ಥವಾಗುತ್ತದೆಯೇ, ಅದರಿಂದ ತನಗೇನಾಗುತ್ತದೆ ಎಂದು ವಿವೇಚಿಸಲು ಬರುತ್ತದೆಯೇ. ಅಲ್ಪ ಮರೆವಿರುವ ಎಷ್ಟೋ ಜನರಿಗೆ ಇದು ಚೆನ್ನಾಗಿಯೇ ಬರುತ್ತದೆ. ಪರೀಕ್ಷೆಯಿಂದ ಅದು ದೃಢಪಟ್ಟರೆ ಅಮ್ಮನ ಸಹಿಗೆ ಬಲವೇ ಬರುತ್ತದೆ. ಅವರಿಗೆ ನಿಜಕ್ಕೂ ಅರ್ಥವಾಗುತ್ತಿಲ್ಲ ಎಂದಾದರೆ, ಪರೀಕ್ಷೆಯನ್ನು ತಪ್ಪಿಸಿ ಸಹಿ ಹಾಕಿಸುವುದು ನ್ಯಾಯವೂ ಅಲ್ಲ, ಮುಂದೆ ಕೋರ್ಟಿನಲ್ಲಿ ನಿಲ್ಲುವುದೂ ಅನುಮಾನ. ಅಣ್ಣ ಕೆಟ್ಟ ಮನಸ್ಸಿನಿಂದ ಹೇಳಿದ್ದಾರೆ ಎಂದು ನಾನು ಭಾವಿಸುವುದಿಲ್ಲ. ತೋಟದ ಜವಾಬ್ದಾರಿ ಹೊತ್ತವರಿಗೆ ಇಂಥ ಯೋಚನೆ ಬರುತ್ತದೆ. ಆದರೆ ಪರೀಕ್ಷೆ ಮುಗಿಯುವವರೆಗೆ ಯಾವ ಕಾಗದಕ್ಕೂ ಅಮ್ಮನ ಸಹಿ ಹಾಕಿಸಬೇಡಿ ಎಂದು ಅವರಿಗೆ ನೇರವಾಗಿ ಹೇಳಿ. ವರದಿ ಊರಿಗೆಲ್ಲ ತಿಳಿಯುತ್ತದೆಂಬ ಭಯವೂ ಬೇಡ. 2017ರ ಮಾನಸಿಕ ಆರೋಗ್ಯ ಕಾಯ್ದೆ ಚಿಕಿತ್ಸೆಯ ಮಾಹಿತಿಯನ್ನು ಗುಟ್ಟಾಗಿಡುವುದನ್ನು ರೋಗಿಯ ಹಕ್ಕೆಂದೇ ಹೇಳುತ್ತದೆ. ವರದಿಯನ್ನು ಯಾರೊಂದಿಗೆ ಹಂಚಿಕೊಳ್ಳಬೇಕು ಎಂದು ಮೊದಲು ಅಮ್ಮನನ್ನೇ ಕೇಳಿ.

ಅಮ್ಮನಿಗೆ ಏನು ಹೇಳುವುದು? ಸುಳ್ಳು ಹೇಳಿ ಕರೆತರಬೇಡಿ. ‘ಬಿಪಿ ನೋಡಿಸೋಣ ಬಾ’ ಎಂದು ಕರೆತಂದು ಪದಗಳ ಪಟ್ಟಿ ಕೇಳಿಸಿದರೆ ಅವರಿಗೆ ಮೋಸ ಹೋದ ಹಾಗಾಗುತ್ತದೆ, ಮುಂದೆ ಯಾವ ಆಸ್ಪತ್ರೆಗೂ ಬರುವುದಿಲ್ಲ. ಫೋನಿನಲ್ಲೂ ಬೇಡ. ಊರಿಗೆ ಹೋಗಿ, ಅಡಿಕೆ ಸುಲಿಯುತ್ತಲೋ ಕವಳ ಹಾಕುತ್ತಲೋ ಪಕ್ಕದಲ್ಲಿ ಕೂತು ಹೇಳಿ: ‘ಅಮ್ಮ, ಸಂಘದ ಲೆಕ್ಕ ತಪ್ಪಿದ್ದಕ್ಕೆ ನಿನಗೇ ಎಷ್ಟು ಬೇಜಾರಾಯ್ತು ಅಂತ ನನಗೆ ಗೊತ್ತು. ಅದು ಯಾಕೆ ಹಾಗಾಗ್ತಿದೆ ಅಂತ ತಿಳ್ಕೊಳ್ಳೋಣ. ಹುಚ್ಚಿನ ವಿಷಯ ಅಲ್ಲ ಇದು. ಕೂರಿಸಿ ಮಾತಾಡಿಸ್ತಾರೆ, ಕೆಲವು ಕೆಲಸ ಮಾಡಿಸ್ತಾರೆ. ಕೆಲವು ಸುಲಭ, ಕೆಲವು ಯಾರಿಗಾದ್ರೂ ಕಷ್ಟ. ನಿನಗೆ ಸಾಕು ಅನಿಸಿದರೆ ನಿಲ್ಲಿಸಬಹುದು.’ ಕೊನೆಯ ಎರಡು ಮಾತನ್ನು ಬಿಡಬೇಡಿ. ಹಲವು ಕೆಲಸಗಳು ಕಷ್ಟವಾಗುವವರೆಗೆ ಏರುತ್ತಾ ಹೋಗುತ್ತವೆ. ಚೆನ್ನಾಗಿ ಮಾಡಿದವರೂ ‘ನನಗೇನೂ ಬರಲಿಲ್ಲ’ ಎಂದುಕೊಂಡೇ ಹೊರಗೆ ಬರುತ್ತಾರೆ. ಇದು ಮೊದಲೇ ಗೊತ್ತಿದ್ದರೆ ಮನಸ್ಸು ಮುರಿಯುವುದಿಲ್ಲ.

ವರದಿ ಬಂದಾಗ ಕಾಗದ ತೆಗೆದುಕೊಂಡು ಎದ್ದು ಬರಬೇಡಿ. ಕೂತು ವಿವರಿಸಿ ಎಂದು ಕೇಳಿ, ಅಮ್ಮನೂ ಅಲ್ಲಿರಲಿ. ‘ಅಲ್ಪ ಪ್ರಮಾಣದ ಅರಿವಿನ ಇಳಿಕೆ’ ಎಂಬ ಅರ್ಥದ ಮಾತು ಬಂದರೆ ಅದನ್ನು ಡಿಮೆನ್ಷಿಯಾ ಎಂದು ಓದಿಕೊಳ್ಳಬೇಡಿ. ಕೆಲವರಲ್ಲಿ ಅದು ಮುಂದುವರಿಯುತ್ತದೆ, ಕೆಲವರಲ್ಲಿ ವರ್ಷಗಟ್ಟಲೆ ಹಾಗೆಯೇ ನಿಲ್ಲುತ್ತದೆ, ಕೆಲವರಲ್ಲಿ ಕಾರಣ ಸರಿಹೋದ ಮೇಲೆ ಸುಧಾರಿಸುತ್ತದೆ. ಡಿಮೆನ್ಷಿಯಾ ಎಂದೇ ತಿಳಿದುಬಂದರೂ ನೀವು ಒಂಟಿಯಲ್ಲ. ಭಾರತದಲ್ಲಿ 60 ದಾಟಿದವರಲ್ಲಿ ಸುಮಾರು 88 ಲಕ್ಷ ಜನ ಅದರೊಂದಿಗೆ ಬದುಕುತ್ತಿದ್ದಾರೆಂದು ಅಂದಾಜು. ಔಷಧಿ ಅದನ್ನು ವಾಸಿ ಮಾಡುವುದಿಲ್ಲ, ಕೆಲವರಿಗೆ ಕೆಲಕಾಲ ಸ್ವಲ್ಪ ನೆರವಾಗುತ್ತದೆ. ಅದಕ್ಕಿಂತ ಹೆಚ್ಚು ನೆರವಾಗುವುದು ಮನೆಯ ಏರ್ಪಾಡು, ಆ ಏರ್ಪಾಡಿಗೆ ದಾರಿ ತೋರುವುದೂ ಈ ವರದಿಯೇ. ಸುಳಿವು ಕೊಟ್ಟರೆ ನೆನಪಾಗುತ್ತದೆ ಎಂದು ಬಂದರೆ ಡಬ್ಬಿಗಳ ಮೇಲೆ ಹೆಸರು, ಗೋಡೆಯ ಮೇಲೆ ಬರೆದಿಟ್ಟ ದಿನಚರಿ ಕೆಲಸಕ್ಕೆ ಬರುತ್ತವೆ. ದಿಕ್ಕು–ಜಾಗದ ಅರಿವು ಕುಂದಿದೆ ಎಂದು ಬಂದರೆ ತೋಟಕ್ಕೆ ಒಬ್ಬರನ್ನೇ ಬಿಡುವ ಬಗ್ಗೆ ಯೋಚಿಸಬೇಕು. ಗಮನ ಮಾತ್ರ ಸಡಿಲವಾಗಿದ್ದರೆ, ಅಡುಗೆ ಮಾಡುವಾಗ ಮಾತಾಡಿಸದಿದ್ದರೇ ಉಪ್ಪು ಸರಿಯಾಗಬಹುದು. ಸಂಘದ ಲೆಕ್ಕವನ್ನು ಅವರಿಂದ ಕಿತ್ತುಕೊಳ್ಳಬೇಡಿ. ಇನ್ನೊಬ್ಬರು ಪಕ್ಕದಲ್ಲಿ ಕೂತು ತಾಳೆ ನೋಡಲಿ.

ಅಮ್ಮ ಊರಿಗೆ ಮರಳಿದ ಮೇಲೆ ಏನಾದರೂ ಕೇಳಬೇಕೆನಿಸಿದರೆ ಟೆಲಿಮನಸ್ 14416ಕ್ಕೆ ಕರೆ ಮಾಡಬಹುದು. ಹಗಲು–ರಾತ್ರಿ ಸಿಗುತ್ತದೆ, ಹಣವಿಲ್ಲ, ಕನ್ನಡದಲ್ಲೇ ಮಾತಾಡುತ್ತಾರೆ. ಅತ್ತಿಗೆಗೆ ಆಯಾಸವಾದಾಗ ಅವರೂ ಮಾಡಬಹುದು. ಈ ವಾರ ಕಿವಿಯ ತಪಾಸಣೆ ಮತ್ತು ರಕ್ತಪರೀಕ್ಷೆ ಮುಗಿಸಿ, ಮುಂದಿನ ವಾರವೇ ಪರೀಕ್ಷೆಗೆ ದಿನ ಗೊತ್ತುಮಾಡಿಕೊಳ್ಳಿ.